ರಜೆಯ ದಿನದ ಈರುಳ್ಳಿ

ದೂರದ ಬೆಟ್ಟ ನುಣ್ಣಗೆ ಅನ್ನುತ್ತಾರಲ್ಲ, ಈ ಕ್ಷೌರಿಕನ ಕೈಗೆ ಸಿಕ್ಕರೆ ಹತ್ತಿರದ ಗಲ್ಲವೂ ನುಣ್ಣಗೆ. ಅದಕ್ಕೇ ಬೀದಿಯವರಿಗೆಲ್ಲ ಅವನು ನುಣ್ಣಪ್ಪ.

ನುಣ್ಣಪ್ಪನಿಗೆ ಈರುಳ್ಳಿ ಎಂದರೆ ಪ್ರಾಣ. ಆದರೆ ಗಿರಾಕಿಯ ಮೂಗಿನ ಮೇಲೇ ಉಸಿರು ಬಿಡುವ ಕಸುಬು ನೋಡಿ, ಅಂಗಡಿ ತೆರೆಯುವ ದಿನ ಮುಟ್ಟುವಂತಿಲ್ಲ. ಅಂಗಡಿಯಲ್ಲಿ ಜೊತೆಗಿದ್ದ ಮಗಳು ಗಿರಾಕಿಯ ಹಿಂದೆ ನಿಂತು ಕೂದಲು ಕತ್ತರಿಸುವವಳು. ಅವಳಿಗೆ ಈ ಪಥ್ಯವಿಲ್ಲ. ದಿನವೂ ಬುತ್ತಿಯಲ್ಲಿ ಈರುಳ್ಳಿ ತಂದು ಅಪ್ಪನೆದುರೇ ಕುರುಕುತ್ತಿದ್ದಳು.

ವಾರದ ರಜೆಯಲ್ಲಿ ಮಾತ್ರ ಅವನ ಬಾಯಿಗೆ ಬಿಡುಗಡೆ. ಕೆಂಪು ಈರುಳ್ಳಿಯನ್ನು ತಾನೇ ಹೆಚ್ಚುತ್ತಿದ್ದ, ಬೆಳಕಿಗೆ ಹಿಡಿದರೆ ಆಚೆಯ ಕಿಟಕಿ ಕಾಣುವಷ್ಟು ತೆಳ್ಳಗೆ. ಹೆಂಡತಿ ಅದನ್ನು ಗಾಜಿನ ಜಾಡಿಗೆ ತುಂಬಿ, ನೀರು, ಉಪ್ಪು, ಚೂರು ಸಕ್ಕರೆ ಹಾಕಿ ಕಾಯಿಸಿದ ವಿನೆಗರನ್ನು ಮೇಲೆ ಸುರಿಯುತ್ತಿದ್ದಳು. ಬಟ್ಟೆ ಒಣಹಾಕಿ ಬರುವಷ್ಟರಲ್ಲಿ ಜಾಡಿಯೆಲ್ಲ ಗುಲಾಬಿ ಬಣ್ಣ.

ಒಂದು ರಜೆಯ ದಿನ ಅರ್ಧ ಜಾಡಿ ಮಾತ್ರ ಗುಲಾಬಿಯಾಯಿತು. ತೆಳು ಹೋಳು ನೆಂದಿತ್ತು, ದಪ್ಪ ಹೋಳು ಹಸಿಹಸಿಯಾಗಿಯೇ ಇತ್ತು.

"ಇದೇನ್ರೀ, ಕೊಡಲೀಲಿ ಹೆಚ್ಚಿದ್ರಾ?" ಎಂದಳು ಹೆಂಡತಿ.

"ಚಾಕು ಮೊಂಡಾಗಿದೆ ಕಣೇ."

"ಅದನ್ನ ಮಸೆದಿಡೋರೂ ನೀವೇ ಅಲ್ವಾ? ಕುಣಿಯಲಾರದವಳಿಗೆ ನೆಲ ಡೊಂಕು!"

ಅವಳು ನಕ್ಕಳು. ಮಗಳು ನಗಲಿಲ್ಲ. ಅಂಗಡಿಯಲ್ಲಿ ಅಪ್ಪನ ಕೈ ನಡುಗುವುದನ್ನು ಕಂಡಿದ್ದಳು. ಕ್ಷೌರದ ಕತ್ತಿ ನನಗೆ ಕೊಡು ಎಂದು ಕೇಳಿ ಬೈಸಿಕೊಂಡೂ ಇದ್ದಳು.

"ಅಪ್ಪಾ, ಈರುಳ್ಳಿ ಆದ್ರೆ ಹೋಗ್ಲಿ ಬಿಡು. ಗಲ್ಲ ಆಗಿದ್ರೆ?"

ನುಣ್ಣಪ್ಪ ಒಂದು ದಪ್ಪ ಹೋಳನ್ನು ಎತ್ತಿ ಬೆಳಕಿಗೆ ಹಿಡಿದ. ಕಿಟಕಿ ಕಾಣಲಿಲ್ಲ. ಹೋಳು ಮಾತ್ರ ಬೆರಳ ತುದಿಯಲ್ಲಿ ಅಲುಗುತ್ತಿತ್ತು.

ಮರುದಿನ ಬೆಳಿಗ್ಗೆ, ಅಂಗಡಿಗೆ ಹೊರಡುವ ಹೊತ್ತಿಗೆ, ಅವನು ಜಾಡಿಯ ಮುಚ್ಚಳ ತೆಗೆದು ತಿನ್ನುತ್ತ ಕೂತುಬಿಟ್ಟ.

"ಅಯ್ಯೋ, ಇವತ್ತು ಅಂಗಡಿ ಇದೆ ಕಣ್ರೀ!"

"ಗೊತ್ತು."

ಮಗಳೂ ಜಾಡಿಗೆ ಕೈ ಹಾಕಹೋದಳು. ಅವನು ಜಾಡಿಯನ್ನು ತನ್ನ ಕಡೆಗೆ ಎಳೆದುಕೊಂಡ.

"ನೀನು ಮುಟ್ಬೇಡ. ಇವತ್ತಿಂದ ಗಡ್ಡದ ಕೆಲಸ ನಿಂದು."

ಅವಳ ಕೈ ಅಲ್ಲೇ ನಿಂತಿತು. ಹೆಂಡತಿ ಮೆಲ್ಲಗೆ ಕೇಳಿದಳು, "ಮತ್ತೆ ನೀವು?"

"ಹಿಂದೆ ನಿಂತು ಊರ ಸುದ್ದಿ ಹೇಳ್ತೀನಿ. ಅದಕ್ಕೆ ಕೈ ಯಾಕೆ ಬೇಕು?"

"ಅಪ್ಪಾ, ಒಂದೇ ಒಂದು ಹೋಳು..."

"ಊಹೂಂ. ಗಿರಾಕಿ ಎದ್ದು ಓಡ್ತಾನೆ," ಎಂದ ನುಣ್ಣಪ್ಪ, ದಪ್ಪ ಹೋಳನ್ನೇ ಆರಿಸಿ ಬಾಯಿಗೆ ಹಾಕಿಕೊಂಡ.