ಅಂಗಳದ ಒಲೆಯಲ್ಲಿ ಓಟ್ಸ್ ಬಿಸ್ಕತ್ತು

ಅಂದು ಬೆಳಿಗ್ಗೆ ಕೊಟ್ಟಿಗೆ ಗುಡಿಸಿದೆ. ಸೆಗಣಿ ತೆಗೆದು ಗುಂಡಿಗೆ ಹಾಕಿದೆ. ಬಾವಿಯಿಂದ ಸೇದಿ ಹಂಡೆ ತುಂಬಿಸಿದೆ. ಕುಚ್ಚಲಕ್ಕಿ ಕೇರಿ ಕಲ್ಲು ಆರಿಸಿದೆ. ಅತ್ತಿಗೆಯ ಮಕ್ಕಳ ಬಟ್ಟೆ ಒಗೆದೆ. ಮಗಳ ತಲೆಗೆ ಎಣ್ಣೆ ಹಚ್ಚಿ ಮೀಯಿಸಿದೆ. ತೆಂಗಿನ ಗರಿ ಸೀಳಿ ಕಟ್ಟು ಕಟ್ಟಿಟ್ಟೆ. ಮಧ್ಯಾಹ್ನದ ಮೇಲೆ ಅಂಗಳದ ಮೂಲೆಯಲ್ಲಿ ಮೂರು ಕಲ್ಲಿಟ್ಟು ಬೆಂಕಿ ಮಾಡಿ ಬಿಸ್ಕತ್ತು ಬೇಯಿಸಿದೆ. ಬರೆದರೆ ಕೊನೆಯದೂ ಮಿಕ್ಕವುಗಳಂತೆ ಒಂದು ಕೆಲಸ. ಆ ಮನೆಯಲ್ಲಿ ಅದನ್ನು ಹಾಗೆ ನೋಡಲಿಲ್ಲ.

ಇದು ಅರವತ್ತರ ದಶಕದ ನಡುವಿನ ಮಾತು. ಮನೆ ಇದ್ದದ್ದು ಕುಂದಾಪುರದ ಬಳಿಯ ಬೀಜಾಡಿಯಲ್ಲಿ. ಗಂಡನ ಮನೆ ಎಂದು ಹೇಳಿಕೊಳ್ಳುತ್ತಿದ್ದೆ, ಆದರೆ ಅದು ಗಂಡನದ್ದೂ ಅಲ್ಲ. ನಮ್ಮದು ಅಳಿಯಕಟ್ಟು, ಆಸ್ತಿ ಹೆಣ್ಣಿನ ಕಡೆಗೆ ಹೋಗುವುದು. ಮನೆ, ಗದ್ದೆ ಎಲ್ಲ ಅವರ ಅಕ್ಕನಿಗೆ, ಎಂದರೆ ನನ್ನ ಅತ್ತಿಗೆಗೆ, ಅಕ್ಕನ ಮಕ್ಕಳಿಗೆ. ತಮ್ಮನ ಹೆಂಡತಿ, ತಮ್ಮನ ಮಕ್ಕಳು ಅಲ್ಲಿ ಉಂಡು ಹೋಗುವ ನೆಂಟರು. ಬೇರೆ ಮನೆಗಳಲ್ಲಿ ಇದನ್ನು ಯಾರೂ ದಿನಾ ನೆನಪಿಸುತ್ತಿರಲಿಲ್ಲ. ನನ್ನ ಅತ್ತಿಗೆ ಹೊತ್ತುಹೊತ್ತಿಗೂ ಸೌಟಿನಲ್ಲಿ ನೆನಪಿಸುತ್ತಿದ್ದರು. ತಮ್ಮ ಮಕ್ಕಳಿಗೆ ಗಂಜಿಯ ಅಡಿಯಿಂದ ತೋಡಿ ಹಾಕುವರು, ನನ್ನ ಮಗಳಿಗೆ ಮೇಲಿಂದ ತಿಳಿ. ಬಡಿಸುವ ಕೆಲಸವನ್ನು ನನಗೆ ಒಂದು ದಿನವೂ ಬಿಡಲಿಲ್ಲ.

ಆ ಬೇಸಗೆಯಲ್ಲಿ ಮಗಳಿಗೆ ಜ್ವರ ಬಂತು. ಜ್ವರ ಬಿಟ್ಟಿತು, ಹಸಿವು ಬರಲಿಲ್ಲ. ಕೈಬಳೆ ಮೊಣಕೈವರೆಗೆ ಏರುತ್ತಿತ್ತು. ಬೊಂಬಾಯಿಯ ಬೇಕರಿಯೊಂದರಲ್ಲಿ ಕೆಲಸಕ್ಕಿದ್ದ ನನ್ನ ತಮ್ಮ ಬೈಂದೂರಿಗೆ, ನಮ್ಮ ತಾಯಿಮನೆಗೆ, ರಜೆಯಲ್ಲಿ ಬಂದವನು ಮಗುವನ್ನು ನೋಡಲು ಬಂದ. ಒಂದು ಡಬ್ಬಿ ಓಟ್ಸ್ ತಂದುಕೊಟ್ಟ. ಗಂಜಿ ಮಾಡಿಕೊಟ್ಟರೆ ಮಗಳು ಉಗುಳಿದಳು. ಹಾಗಾದರೆ ಬಿಸ್ಕತ್ತು ಮಾಡು, ಎರಡರ ನಡುವೆ ಸಕ್ಕರೆ ಬೆಣ್ಣೆ ಮೆತ್ತಿ ಜೋಡಿಸಿ ಕೊಡು, ಬೇಡವೆನ್ನುವ ಮಗುವನ್ನು ನಾನು ಕಂಡಿಲ್ಲ ಎಂದು ಮಾಡುವ ಬಗೆ ಹೇಳಿಕೊಟ್ಟು ಹೋದ.

ಊಟವಾದ ಮೇಲೆ ಅಡುಗೆಮನೆಯ ಒಲೆ ಸ್ವಲ್ಪ ಹೊತ್ತು ಸಿಕ್ಕೀತೇ ಎಂದು ಅತ್ತಿಗೆಯನ್ನು ಕೇಳಿದೆ. ಅವರು ಡಬ್ಬಿಯ ಮುಚ್ಚಳ ತೆಗೆದು ಮೂಸಿದರು.

"ಇದ್ ಕುದ್ರಿ ತಿಂಬುದಲ್ದಾ? ನನ್ನ್ ಒಲಿ ಮೇಲ್ ಬೇಯ್ಸುಕಾತ್ತಿಲ್ಲ."

ಒಳಗೆ ಆಗದಿದ್ದರೆ ಹೊರಗೆ ಎಂದುಕೊಂಡೆ.

ಓಟ್ಸನ್ನು ಕೆಂಪಗೆ ಹುರಿದೆ. ಅರ್ಧವನ್ನು ಒರಳಿನಲ್ಲಿ ಕುಟ್ಟಿ ಪುಡಿ ಮಾಡಿ, ಮಿಕ್ಕರ್ಧ ಹಾಗೆಯೇ ಉಳಿಸಿ, ಗೋಧಿಹಿಟ್ಟು, ಬೆಲ್ಲದ ಪುಡಿ, ಚಿಟಿಕೆ ಸೋಡ, ಬೆಣ್ಣೆ ಹಾಕಿ ನಾದಿದೆ. ಬಾಳೆಲೆಯ ಮೇಲೆ ತಟ್ಟಿ ಲೋಟದ ಬಾಯಿಂದ ಒತ್ತಿ ಬಿಲ್ಲೆ ತೆಗೆದೆ. ದಪ್ಪ ತಳದ ಪಾತ್ರೆಗೆ ಕಡಲ ಬದಿಯ ಮರಳು, ನಮ್ಮ ಮಾತಿನಲ್ಲಿ ಹೊಯಿಗೆ, ಹಾಕಿ ಕಾಯಿಸಿ, ಒಳಗೆ ತಟ್ಟೆ ಇಟ್ಟು, ತಾಮ್ರದ ಮುಚ್ಚಳ ಮುಚ್ಚಿ, ಮುಚ್ಚಳದ ಮೇಲೆ ತೆಂಗಿನ ಗೆರಟೆಯ ಕೆಂಡ ಹರಡಿದೆ. ಮೊದಲ ತಟ್ಟೆಯ ತಳ ಸುಟ್ಟಿತು. ಎರಡನೆಯದಕ್ಕೆ ಕೆಳಗಿನ ಉರಿ ಹಿಂದೆಗೆದೆ. ಅಂಚು ಕೆಂಪಾಗಿ ಸರಿಯಾಗಿ ಬೆಂದಿತು. ನಡುವೆ ಮೆತ್ತಲು ಬೆಣ್ಣೆಯನ್ನು ತಣ್ಣೀರಲ್ಲಿ ತೊಳೆದು, ಸಕ್ಕರೆ ಪುಡಿ, ಏಲಕ್ಕಿ ಸೇರಿಸಿ ಅಂಗೈಯಲ್ಲೇ ಬೆಳ್ಳಗಾಗುವವರೆಗೆ ತಿಕ್ಕಿದೆ. ಆ ಸೆಕೆಗೆ ಅದು ಕರಗಲು ನೋಡುತ್ತಿತ್ತು. ಬಟ್ಟಲನ್ನು ನೀರಿನ ಮಡಕೆಗೆ ತಾಗಿಸಿ ಇಟ್ಟು ಗಟ್ಟಿ ಮಾಡಿಕೊಂಡು, ಎರಡೆರಡು ಬಿಸ್ಕತ್ತಿನ ನಡುವೆ ಮೆತ್ತಿ ಜೋಡಿಸಿದೆ.

ಅಷ್ಟರಲ್ಲಿ ಬೇಲಿಯಾಚೆ ಮೀನು ಬುಟ್ಟಿ ಹೊತ್ತ ಹೆಂಗಸು ನಿಂತಳು. ನಮ್ಮ ಕಡೆ ಬಚ್ಚಲಿನ ಒಲೆ, ಭತ್ತ ಬೇಯಿಸುವ ಒಲೆ ಲೆಕ್ಕಕ್ಕಿಲ್ಲ. ತಿನ್ನುವುದನ್ನು ಬೇಯಿಸುವ ಎರಡನೆಯ ಒಲೆ ಉರಿದರೆ ಮಾತ್ರ ಮನೆ ಪಾಲಾಯಿತು ಎಂದು ಅರ್ಥ.

"ಹ್ವಾಯ್, ಎಂತ, ಒಲಿ ಬೇರೆ ಆಯ್ತಾ?" ಎಂದು ಅವಳು ಗದ್ದೆಯ ಆ ತುದಿಗೂ ಕೇಳುವಂತೆ ಕೂಗಿದಳು.

ನಾನು ಬಾಯಿ ತೆರೆಯುವ ಮೊದಲೇ ಅತ್ತಿಗೆ ಹೊರಗೆ ಬಂದಿದ್ದರು.

"ಎಂತ ಹೆಣೆ, ನಾ ಬದ್ಕಿಪ್ಪತಿಗೇ ಒಲಿ ಬೇರೆ ಮಾಡ್ದ್ಯಾ?"

"ಬಿಸ್ಕತ್ ಬೇಯ್ಸುದ್ ಅತ್ಗೆ. ಮಗಿಗೆ."

"ಬಿಸ್ಕತ್ ಅಂಬ್ರ್. ಊರಿಗೆಲ್ಲ ಕಾಂಬಂಗೆ ಹೊಗಿ ಹಾಕಿದ್ಯಲೆ. ಆ ಬೆಣ್ಣಿ ಯಾವ್ ದನಿಂದ್?"

"ಮಗಿ ಕುಡ್ಯದೆ ಬಿಟ್ಟ್ ಹಾಲಿಂದ್. ಅದ್ನೂ ನಿಮ್ಮ್ ಮಕ್ಳಿಗೇ ಕೊಡ್ಕಿತ್ತಾ?"

ಅವರ ಮುಖ ಕಪ್ಪಿಟ್ಟಿತು. ಇಷ್ಟು ವರ್ಷದಲ್ಲಿ ನಾನು ಅವರಿಗೆ ಆಡಿದ ಮೊದಲ ಎದುರುಮಾತು ಅದೇ ಇರಬೇಕು. ಆಡಿದ್ದಕ್ಕೆ ಅಂದೂ ಬೇಸರವಾಗಲಿಲ್ಲ, ಇಂದೂ ಇಲ್ಲ. ಈಗಲೂ ಮದುವೆ ಮನೆಯಲ್ಲಿ ಎದುರಾದರೆ ನಾವಿಬ್ಬರೂ ಬೇರೆ ಬೇರೆ ಪಂಕ್ತಿಯಲ್ಲಿ ಕೂರುತ್ತೇವೆ.

ಸಂಜೆ ನನ್ನ ಗಂಡ ಕುಂದಾಪುರದಿಂದ ಬಸ್ಸಿಳಿದು ಬಂದರು. ಚಪ್ಪಲಿ ಬಿಡುವುದರೊಳಗೆ ಅವರ ಅಕ್ಕ ಶುರು ಮಾಡಿದರು.

"ಕಾಣ್ ಮಾರಾಯ, ನಿನ್ನ್ ಹೆಂಡ್ತಿ ಪಾಲ್ ಕೇಂತಿತ್ತ್. ಕತ್ಲಾಪುಕೆ ಮುಂಚೆ ಆ ಒಲಿ ನಂದ್ಕ್. ಇಲ್ದಿರೆ ನನ್ನ್ ಒಲಿದ್ ಅನ್ನ ಅದ್ಕೂ ಇಲ್ಲ, ಅದ್ರ್ ಮಗಿಗೂ ಇಲ್ಲ."

ಗಂಡ ಅಂಗಳಕ್ಕೆ ಬಂದು ನನ್ನ ಬಳಿ ದನಿ ತಗ್ಗಿಸಿ, "ನಂದ್ಸ್ ಮಾರಾಯ್ತಿ. ಒಂದ್ ಬಿಸ್ಕತ್ತಿಗೆ ಎಂತಕ್ ಇಷ್ಟ್ ಗಲಾಟಿ?" ಎಂದರು.

"ನಂದಿಸ್ತೆ. ನಾಳಿಂದ ಮಗಿಗೆ ಸೌಟ್ ನೀವ್ ಹಾಕ್ತ್ರ್ಯಾ? ಅಡಿಯಿಂದ?"

ಅವರು ಹೆಗಲ ಬೈರಾಸಿನಲ್ಲಿ ಕುತ್ತಿಗೆ ಒರೆಸಿಕೊಂಡರು. ಮತ್ತೊಮ್ಮೆ ಒರೆಸಿಕೊಂಡರು. ಬಾಗಿಲಲ್ಲಿ ನಿಂತ ಅಕ್ಕನನ್ನು ನೋಡಿದರು, ಒಲೆಯನ್ನು ನೋಡಿದರು, ಮಗಳ ಕಡೆ ನೋಡಲಿಲ್ಲ. ಕಾಲು ತೊಳೆಯಲು ಹೋದರು.

ಅಲ್ಲಿಯವರೆಗೆ ಅದು ನಿಜವಾಗಿಯೂ ಬಿಸ್ಕತ್ತಿನ ಬೆಂಕಿಯಾಗಿತ್ತು. ಹೊಯಿಗೆಯ ಪಾತ್ರೆ ಇಳಿಸಿದೆ. ನಮ್ಮ ಕೋಣೆಯಲ್ಲಿ ತಾಯಿಮನೆಯಿಂದ ಬಂದ ಅಕ್ಕಿ ಇತ್ತು. ತೊಳೆದು ಮಡಕೆಗೆ ಹಾಕಿ, ನೀರು ಹೊಯ್ದು, ಅದೇ ಮೂರು ಕಲ್ಲಿನ ಮೇಲೆ ಇಟ್ಟೆ. ಉರಿ ಮುಂದಕ್ಕೆ ನೂಕಿದೆ. ಅತ್ತಿಗೆ ನೋಡುತ್ತಲೇ ಇದ್ದರು.

"ಈಗ ಬೇರೆ ಆಯ್ತ್ ಕಾಣಿ ಅತ್ಗೆ," ಎಂದೆ.

ಅವರು ಬಾಗಿಲು ಎಳೆದುಕೊಂಡರು.

ಆ ದಿನ ನನ್ನ ಗಂಡ ಒಳಗೆ ಕೂತು ಅಕ್ಕ ಬಡಿಸಿದ ಅನ್ನ, ಬೈಗೆ ಮೀನಿನ ಸಾರು ಉಂಡರು. ಮಗಳು ಜಗಲಿಯಲ್ಲಿ ನಾನು ಬಡಿಸಿದ ಗಟ್ಟಿ ಗಂಜಿಯನ್ನು ಉಪ್ಪಿನಕಾಯಿ ಹಚ್ಚಿಕೊಂಡು ಉಂಡಳು. ಮೇಲೆ ಒಂದು ಜೋಡಿ ಬಿಸ್ಕತ್ತು ಬಿಡಿಸಿ, ಬೆಣ್ಣೆ ನೆಕ್ಕಿ, ಎರಡನ್ನೂ ಪುಡಿ ಬೀಳದಂತೆ ತಿಂದು, ಇನ್ನೊಂದಕ್ಕೆ ಕೈ ಚಾಚಿದಳು. ನಾನು ಗಂಜಿ ಉಂಡು ತಳ ಸುಟ್ಟ ಬಿಸ್ಕತ್ತುಗಳನ್ನು ತಿಂದೆ. ಮೊದಲು ಮಲಗಿದ್ದು ಮಗಳು, ಬಾಯಿ ತೊಳೆಸುವ ಮೊದಲೇ. ಆಮೇಲೆ ನನ್ನ ಗಂಡ, ಗೋಡೆಗೆ ಮುಖ ಮಾಡಿ.