ಮೇಷ್ಟ್ರು ಕಾಯ್ತಾವ್ರೆ

ಭಾನುವಾರ ಬೆಳಿಗ್ಗೆ ನಾನು ಜಾಸ್ ಕೇಳುತ್ತೇನೆ ಎಂದರೆ ನೀವು ನನ್ನನ್ನು ದೊಡ್ಡ ರಸಿಕನೆಂದುಕೊಂಡೀರಿ. ಹಾಗೇನಿಲ್ಲ. ನನಗೆ ಗೊತ್ತಿರುವುದು ಒಂದೇ ಆಲ್ಬಂ. ಅದರಲ್ಲಿ ಇರುವವರೂ ಮೂವರೇ: ಆರ್ಗನ್ ನುಡಿಸುವವನು, ಗಿಟಾರಿನವನು, ಡ್ರಮ್ಸಿನವನು. ಆರ್ಗನ್ನಿನವನು ಕೈಯಲ್ಲಿ ರಾಗ, ಕಾಲಲ್ಲಿ ಮಂದ್ರ ನುಡಿಸುತ್ತಾನಂತೆ. ಒಬ್ಬ ಮನುಷ್ಯ ಇಷ್ಟು ದುಡಿಯುವುದನ್ನು ಮಲಗಿಕೊಂಡು ಕೇಳುವುದರಲ್ಲಿ ಒಂದು ಸುಖವಿದೆ. ಕಸ ಗುಡಿಸುವ ಹೆಂಡತಿ ಇದನ್ನೇ ಬೇರೆ ಮಾತಿನಲ್ಲಿ ಹೇಳುತ್ತಾಳೆ.

ಈ ಸುಖಕ್ಕೆ ಸಂಚಕಾರ ಬಂದರೆ ಕೆಳಗಿನ ಮನೆಯಿಂದಲೇ ಎಂಬ ಭಯ ನನಗಿತ್ತು. ನಾವು ಇಟ್ಟಮಡುವಿನಲ್ಲಿ ಬಾಡಿಗೆಗಿದ್ದೇವೆ. ಕೆಳಗೇ ಇರುವ ಓನರ್ ಮುನಿಹನುಮಪ್ಪನವರು ತಮ್ಮ ರಾಗಿ ಹೊಲದಲ್ಲೇ ಈ ಕಟ್ಟಡ ಎಬ್ಬಿಸಿದವರು. ಗೋಡೆಗೆ ಮೊಳೆ ಹೊಡೆದರೆ ತಮ್ಮ ಬೆನ್ನಿಗೇ ಹೊಡೆದಂತೆ ಓಡಿ ಬರುವವರು. ಹಾಗಾಗಿ ಒಂದು ಭಾನುವಾರ ಅವರು ಬಾಗಿಲು ತಟ್ಟಿ, "ಅದೇನ್ ಸಾರ್ ಸೌಂಡು?" ಎಂದಾಗ, ಇನ್ನು ಕತ್ರಿಗುಪ್ಪೆಯಲ್ಲಿ ಮನೆ ಹುಡುಕುವುದೇ ಸರಿ ಎಂದು ಮನಸ್ಸಿನಲ್ಲೇ ಗಂಟುಮೂಟೆ ಕಟ್ಟಿದೆ.

"ಕಮ್ಮಿ ಮಾಡ್ತೀನಿ ಸಾರ್."

"ಅಯ್ಯೋ, ಜಾಸ್ತಿ ಮಾಡಿ! ಹಾರ್ಮೋನಿ ಮೇಷ್ಟ್ರು ಯಾವೂರೋರು?"

"ಅಮೆರಿಕ."

"ಆಗ್ಲಿ ಬಿಡಿ. ಕಾಲ್ ಹಾರ್ಮೋನಿ ತಾನೆ?" ಎನ್ನುತ್ತ ಒಳಗೆ ಬಂದು ಕೂತರು.

ಹರೆಯದಲ್ಲಿ ಅವರು ಊರಿನ ಪೌರಾಣಿಕ ನಾಟಕಗಳಲ್ಲಿ ರಾಜಪಾರ್ಟು ಹಾಕುತ್ತಿದ್ದರಂತೆ. ಕಾಲಲ್ಲಿ ಗಾಳಿ ತುಳಿಯುತ್ತ ಕೈಯಲ್ಲಿ ನುಡಿಸುವ ಹಾರ್ಮೋನಿಯಮ್ಮಿನ ಮುಂದೆ ಕೂತು ಅವರಿಗೆ ಹಾಡು ಕಲಿಸಿದ ಮೇಷ್ಟ್ರು ತೀರಿಕೊಂಡರು. ಅಲ್ಲಿಂದಾಚೆ ಇವರ ಹಾಡೂ ನಿಂತಿತು. ಹಿಂದೆಯೇ ಮೆಟ್ಟಿಲು ಹತ್ತಿ ಬಂದ ಅವರ ಹೆಂಡತಿ ಗೌರಮ್ಮ, "ಬಚ್ಚಲಲ್ಲೂ ಹಾಡಿಲ್ಲ ಕಣಪ್ಪ. ಹಾಡು ಅಂದ್ರೆ ಎದ್ದೋಗ್ತಾರೆ," ಎಂದರು.

ನನ್ನ ಪಾಂಡಿತ್ಯ ಸುಮ್ಮನಿರಲಿಲ್ಲ. ಎರಡು ವಾದ್ಯವೂ ಚರ್ಚಿನ ಮನೆತನದವೇ. ಹಾರ್ಮೋನಿಯಂ ಹಡಗು ಹತ್ತಿ ಬಂದು ನಾಟಕದವರ ಸಹವಾಸಕ್ಕೆ ಬಿತ್ತು, ಆರ್ಗನ್ ಅಮೆರಿಕದಲ್ಲಿ ಕ್ಲಬ್ಬಿನವರ ಸಹವಾಸಕ್ಕೆ ಬಿತ್ತು, ಹೀಗೆ ದಾಯಾದಿಗಳಾದರೂ ಬೇರೆ ಬೇರೆ ಎಂದು ವಿವರಿಸತೊಡಗಿದೆ. ಅವರು ಕೇಳಿಸಿಕೊಳ್ಳಲೇ ಇಲ್ಲ. ಆಲ್ಬಮ್ಮಿನ ನಿಧಾನದ ಹಾಡು ಶುರುವಾಗಿತ್ತು. ಅದರ ನಡುವೆ ಗಿಟಾರು, ಡ್ರಮ್ಸು ಸುಮ್ಮನಾಗಿ, ಆರ್ಗನ್ನಿನವನು ಒಂದೇ ಸ್ವರಗುಚ್ಛವನ್ನು ಹಿಡಿದು ನಿಲ್ಲುತ್ತಾನೆ. ಪಾಪ, ಸುಸ್ತಾಗಿರಬೇಕು ಎಂದೇ ನಾನು ಇಷ್ಟು ದಿನ ತಿಳಿದಿದ್ದೆ.

"ಶ್! ಮೇಷ್ಟ್ರು ಕಾಯ್ತಾವ್ರೆ," ಎಂದರು ಓನರ್.

"ಯಾರಿಗೆ ಸಾರ್?"

"ನಂಗೆ!"

ರಾಜ ಪರದೆಯ ಹಿಂದಿನಿಂದ ಬಂದು ಹಾಡು ಎತ್ತಿಕೊಳ್ಳುವವರೆಗೂ ಮೇಷ್ಟ್ರು ಹೀಗೆ ಶ್ರುತಿ ಹಿಡಿದಿರುತ್ತಿದ್ದರಂತೆ. ಮುನಿಹನುಮಪ್ಪನವರು ಎದ್ದರು, ಪಂಚೆ ಸರಿಮಾಡಿಕೊಂಡರು, ಕಂದಪದ್ಯ ಎತ್ತಿಯೇಬಿಟ್ಟರು. ಮೊದಲು ದನಿ ಒಡೆಯಿತು, ಆಮೇಲೆ ಕುದುರಿಕೊಂಡಿತು. ಶ್ರುತಿ ಪೂರ್ತಿ ಕೂಡಲಿಲ್ಲ. ಒಂದೇ ನೊಗಕ್ಕೆ ಕಟ್ಟಿದ ಹೊಸ ಎತ್ತುಗಳ ಹಾಗೆ ಹಾಡೂ ಆರ್ಗನ್ನೂ ಆಚೆ ಈಚೆ ಎಳೆದಾಡಿದವು. ಗೌರಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡರು. ನನ್ನ ಹೆಂಡತಿ ಪೊರಕೆ ಹಿಡಿದೇ ನಿಂತಿದ್ದಳು.

ಈಗ ಅವರು ಪ್ರತಿ ಭಾನುವಾರ ಮೇಲೆ ಬರುತ್ತಾರೆ. ಮೊನ್ನೆ ಮಾತ್ರ ನೆಂಟರ ಮನೆಗೆಂದು ತಲಘಟ್ಟಪುರಕ್ಕೆ ಹೋಗಿದ್ದರು. ನಾನೊಬ್ಬನೇ ಮಲಗಿ ಆಲ್ಬಂ ಹಾಕಿಕೊಂಡೆ. ಆ ಜಾಗ ಬಂತು. ಗಿಟಾರು, ಡ್ರಮ್ಸು ಸುಮ್ಮನಾದವು. ಆರ್ಗನ್ ಮಾತ್ರ ಶ್ರುತಿ ಹಿಡಿದು ನಿಂತಿತು.

ಅಡುಗೆಮನೆಯಿಂದ ಹೆಂಡತಿ ಬಂದಳು.

"ಆಫ್ ಮಾಡ್ರೀ. ಓನರ್ ಇಲ್ಲ ಅಂತ ಗೊತ್ತಿದ್ದೂ ಮೇಷ್ಟ್ರನ್ನ ಸುಮ್ನೆ ಯಾಕೆ ಕಾಯಿಸ್ತೀರ?"