ಮೇಷ್ಟ್ರ ಬಡತನ

“ಅಲ್ಲ ಮಾರಾಯ್ರೆ, ಈ ಐರ್ಲೆಂಡಿನೋರ ಆತ್ಮಕತೆ ಓದಿದ್ರಾ? ಮನೆ ತುಂಬ ಮಕ್ಕಳು, ಕುಡುಕ ಅಪ್ಪ, ಸೋರೋ ಮಾಡು, ತಿನ್ನಕ್ಕೆ ಬರೀ ಆಲೂಗಡ್ಡೆ. ಅದಕ್ಕೆ ಪುಸ್ತಕ ತುಂಬ ಅಳೋದಾ? ಆಲೂಗಡ್ಡೆ ಆದ್ರೂ ಇತ್ತಲ್ಲ! ನಮಗೆ ಗಂಜಿ ಬಿಟ್ರೆ ಇನ್ನೇನಿತ್ತು?” ಸಾಗರದ ಲೈಬ್ರರಿಯಲ್ಲಿ ಸಿಕ್ಕವರನ್ನು ಹಿಡಿದು ಕೂರಿಸುವ ನಿವೃತ್ತ ಮೇಷ್ಟ್ರು ಹೂವಪ್ಪನವರನ್ನು ಬಡತನದಲ್ಲಿ ಯಾವ ದೇಶವೂ ಮೀರಿಸುವ ಹಾಗಿಲ್ಲ. ಅಲ್ಲಿಯ ಹುಡುಗನ ಕೋಟಿಗೆ ತೇಪೆಯಿದ್ದರೆ ಇವರಿಗೆ ಅಂಗಿಯೇ ಇರಲಿಲ್ಲ. ಅಂಥ ಪುಸ್ತಕ ಒಂದೊಂದು ಓದಿದಾಗಲೂ ಇವರ ಬಾಲ್ಯ ಇನ್ನಷ್ಟು ಬಡವಾಗುತ್ತದೆ. ಈಗ ತಮ್ಮದನ್ನೂ ಬರೆಯುತ್ತಿದ್ದಾರೆ. ಬರೆದದ್ದನ್ನು ದಿನಾ ಬೆಳಿಗ್ಗೆ, ಶಾಲೆಯ ಮೆಟ್ಟಿಲು ಹತ್ತದ ಅಕ್ಕ ರುಕ್ಮಕ್ಕನಿಗೆ ಓದಿ ಹೇಳುತ್ತಾರೆ. “ನಾವೆಲ್ಲ ಒಂದೇ ಪಾತ್ರೆಯ ಗಂಜಿ ಕುಡಿದು ಬೆಳೆದೆವು” ಎಂದು ಮೊನ್ನೆ ಓದಿದಾಗ ರುಕ್ಮಕ್ಕ ಮೆಲ್ಲಗೆ ಅಂದಳು: “ಪಾತ್ರೆ ಒಂದೇ, ಹೌದು ತಮ್ಮ. ಅವ್ವ ಸೌಟನ್ನ ತಳಕ್ಕೆ ಬಿಟ್ಟು ಅಗುಳೆಲ್ಲ ನಿಂಗೆ ಹಾಕ್ತಿತ್ತು. ಮೇಲಿನ ತಿಳಿ ನಮಗೆ, ಹೆಣ್ಣುಮಕ್ಕಳಿಗೆ.” ಮೇಷ್ಟ್ರ ಕಣ್ಣು ತುಂಬಿತು. “ಬರೀ ತಿಳಿ! ಈ ಗತಿ ಐರ್ಲೆಂಡಿನೋರಿಗೂ ಬಂದಿರ್ಲಿಲ್ಲ ನೋಡಕ್ಕ!” ಎನ್ನುತ್ತ ಪೆನ್ನು ತೆಗೆದು, ‘ನಾನು ಬರೀ ಗಂಜಿತಿಳಿ ಕುಡಿದು ಬೆಳೆದೆ’ ಎಂದು ತಿದ್ದಿಕೊಂಡರು. ಬೆಳಗಿನ ಗಂಜಿ ಆರುತ್ತಿತ್ತು. ರುಕ್ಮಕ್ಕ ಸೌಟನ್ನು ತಳಕ್ಕಿಳಿಸಿ ತಮ್ಮನ ಬಟ್ಟಲು ತುಂಬಿದಳು. ಆಮೇಲೆ ಸೌಟು ತೇಲಿಸಿ ಮೇಲುಮೇಲಿನ ತಿಳಿಯನ್ನು ತನಗೆ ಬಡಿಸಿಕೊಂಡಳು.